ನೆತ್ತಿಯಲ್ಲಿ ಕಡಲು, ಪಾದದಲ್ಲಿ ನೆಲ

1937ರ ಮೇ 21. ಸೋವಿಯತ್ ವಿಮಾನವೊಂದು ಉತ್ತರ ಧ್ರುವದ ಹತ್ತಿರ ಹಿಮದ ಮೇಲಿಳಿಯಿತು. ಇವಾನ್ ಪಾಪಾನಿನ್ ಮತ್ತು ಮೂವರು ಸಂಗಡಿಗರು ಸುಮಾರು 3 ಮೀಟರ್ ದಪ್ಪದ ಮಂಜುಗಡ್ಡೆಯ ಮೇಲೆ ಡೇರೆ ಹೊಡೆದರು, ರೇಡಿಯೊ ಕಂಬ ನೆಟ್ಟರು, ಅಲ್ಲೇ ಸಂಸಾರ ಹೂಡಿದರು. ಒಂಬತ್ತು ತಿಂಗಳಾದ ಮೇಲೆ, 1938ರ ಫೆಬ್ರವರಿಯಲ್ಲಿ, ಹಡಗುಗಳು ಬಂದು ಅವರನ್ನು ಹತ್ತಿಸಿಕೊಂಡದ್ದು ಎಲ್ಲಿ ಗೊತ್ತೆ? ಗ್ರೀನ್‌ಲ್ಯಾಂಡಿನ ಪೂರ್ವ ಕರಾವಳಿಯಾಚೆ, ಧ್ರುವದಿಂದ ಎರಡು ಸಾವಿರ ಕಿಲೋಮೀಟರಿಗೂ ದೂರದಲ್ಲಿ! ಅವರು ಡೇರೆ ಕಿತ್ತು ನಡೆದು ಹೋದವರಲ್ಲ. ಅವರು ನಿಂತಿದ್ದ ಜಾಗವೇ ಅವರನ್ನು ಹೊತ್ತುಕೊಂಡು ಹೊರಟಿತ್ತು.

ಯಾಕೆಂದರೆ ಉತ್ತರ ಧ್ರುವದಲ್ಲಿ ನೆಲವೇ ಇಲ್ಲ. ಮಂಜುಗಡ್ಡೆಗೊಂದು ತೂತು ಕೊರೆದರೆ ಕೆಳಗೆ ನಾಲ್ಕು ಕಿಲೋಮೀಟರಿಗಿಂತ ಆಳದ ಕಪ್ಪು ಕಡಲು. ಭೂಮಿಯ ನೆತ್ತಿಯ ಮೇಲೆ ನಿಂತ ಮನುಷ್ಯನಿಗೂ ಆ ಆಳಕ್ಕೂ ನಡುವೆ ಇರುವುದು ಎರಡು ಮೂರು ಮೀಟರ್ ಹೆಪ್ಪುಗಟ್ಟಿದ ನೀರು, ಅಷ್ಟೆ.

ಈಗ ಭೂಮಿಯ ಇನ್ನೊಂದು ತುದಿಗೆ ಬನ್ನಿ. ದಕ್ಷಿಣ ಧ್ರುವದಲ್ಲಿ ನಿಂತರೆ ನೀವು ಸಮುದ್ರಮಟ್ಟದಿಂದ 2,835 ಮೀಟರ್ ಎತ್ತರದಲ್ಲಿರುತ್ತೀರಿ. ಅದರಲ್ಲಿ ಸುಮಾರು 2,700 ಮೀಟರ್ ಬರೀ ಹಿಮ. ಅದರ ಅಡಿಯಲ್ಲಿ ಕಲ್ಲುಬಂಡೆ, ಒಂದು ಇಡೀ ಖಂಡದ ನೆಲ. ಆ ಹಿಮವೂ ಸುಮ್ಮನಿರುವುದಿಲ್ಲ, ವರ್ಷಕ್ಕೆ ಸುಮಾರು 10 ಮೀಟರ್ ಜರುಗುತ್ತದೆ. ಅದಕ್ಕೇ ಪ್ರತಿ ಹೊಸ ವರ್ಷದ ಮೊದಲ ದಿನ ಅಲ್ಲಿನವರು ಧ್ರುವದ ಗುರುತುಕಂಬವನ್ನು ಹೊಸದಾಗಿ, ಸರಿಯಾದ ಜಾಗದಲ್ಲಿ ನೆಡುತ್ತಾರೆ.

ಒಂದು ಕಡೆ ನೆಲ ಸುತ್ತುವರಿದ ಕಡಲು. ಇನ್ನೊಂದು ಕಡೆ ಕಡಲು ಸುತ್ತುವರಿದ ನೆಲ. ಇದಕ್ಕಿಂತಲೂ ಸೋಜಿಗ ಅವುಗಳ ಅಳತೆಯಲ್ಲಿದೆ: ಆರ್ಕ್ಟಿಕ್ ಸಾಗರದ ವಿಸ್ತಾರ ಸುಮಾರು 1.4 ಕೋಟಿ ಚದರ ಕಿಲೋಮೀಟರ್, ಅಂಟಾರ್ಕ್ಟಿಕಾ ಖಂಡದ ವಿಸ್ತಾರವೂ ಸುಮಾರು 1.4 ಕೋಟಿ ಚದರ ಕಿಲೋಮೀಟರ್! ಆಲೆಮನೆಯಲ್ಲಿ ಬೆಲ್ಲದ ಅಚ್ಚನ್ನು ಕವುಚಿದಾಗ ಗುಳಿ ಒಂದು ಕಡೆ, ಗುಳಿಯ ಆಕಾರದ ಬೆಲ್ಲ ಒಂದು ಕಡೆ ಉಳಿಯುತ್ತದಲ್ಲ, ಹಾಗೆ. ಇದು ಕಾಕತಾಳೀಯ ಎನ್ನುವುದು ನನಗೆ ಗೊತ್ತಿದೆ. ಖಂಡಗಳು ಕೋಟಿಗಟ್ಟಲೆ ವರ್ಷ ಅಲೆದಾಡಿ ಸದ್ಯಕ್ಕೆ ಹೀಗೆ ಬಂದು ನಿಂತಿವೆ. ಆದರೂ ಎರಡೂ ತುದಿಗಳ ಚಳಿ, ಪ್ರಾಣಿ, ಮನುಷ್ಯ, ಕಾನೂನು, ಕಡೆಗೆ ಆಕಾಶದಲ್ಲಿನ ತೂತು ಕೂಡ ಈ ಒಂದೇ ಅದಲುಬದಲಿನಿಂದ ಹುಟ್ಟಿಕೊಂಡಿವೆ ಎಂದು ತಿಳಿದ ಮೇಲೆ ಭೂಪಟವನ್ನು ಮೊದಲಿನಂತೆ ನೋಡಲು ನನ್ನಿಂದ ಆಗಿಲ್ಲ.

ನಮ್ಮ ಪ್ರಾಚೀನರು ಧ್ರುವಗಳನ್ನು ಕಂಡವರಲ್ಲ, ಲೆಕ್ಕದಲ್ಲೇ ತಲುಪಿದವರು. ಸಾವಿರ ವರ್ಷಕ್ಕೂ ಹಳೆಯದಾದ ಸೂರ್ಯಸಿದ್ಧಾಂತ ಉತ್ತರ ತುದಿಯ ಮೇರುವಿನಲ್ಲಿ ದೇವತೆಗಳನ್ನೂ ದಕ್ಷಿಣ ತುದಿಯಲ್ಲಿ ಅಸುರರನ್ನೂ ಇರಿಸುತ್ತದೆ. ಒಬ್ಬರಿಗೆ ಆರು ತಿಂಗಳ ಹಗಲಾದರೆ ಇನ್ನೊಬ್ಬರಿಗೆ ಆರು ತಿಂಗಳ ರಾತ್ರಿ ಎಂದು ಹೇಳುತ್ತದೆ. ಬಿಸಿಲಿನ ಮಟ್ಟಿಗೆ ಅದು ಸರಿ, ಎರಡೂ ಧ್ರುವಗಳಿಗೆ ಸೂರ್ಯ ಹೆಚ್ಚುಕಡಿಮೆ ಒಂದೇ ನ್ಯಾಯ ಮಾಡಿದ್ದಾನೆ. ಆದರೆ ಆ ಬಿಸಿಲು ಎಲ್ಲಿ ಬೀಳುತ್ತದೆ, ನೀರಿನ ಮೇಲೋ ನೆಲದ ಮೇಲೋ? ಅದು 19ನೆಯ ಶತಮಾನ ಮುಗಿಯುತ್ತ ಬಂದರೂ ಯಾರಿಗೂ ಗೊತ್ತಿರಲಿಲ್ಲ.

ಆ ಗುಟ್ಟನ್ನು ಬಿಡಿಸಿದ ಮರದ ಹಡಗಿನ ಕತೆ ಕೇಳಿ. 1881ರಲ್ಲಿ ಜೀನೆಟ್ ಎಂಬ ಅಮೆರಿಕನ್ ಹಡಗು ಸೈಬೀರಿಯಾದ ಉತ್ತರಕ್ಕೆ ಮಂಜುಗಡ್ಡೆಗಳ ನಡುವೆ ನುಜ್ಜುಗುಜ್ಜಾಗಿ ಮುಳುಗಿತು. ಮೂರು ವರ್ಷದ ಮೇಲೆ ಅದರ ಅವಶೇಷಗಳು ತೇಲಿ ಬಂದು ಸಿಕ್ಕಿದ್ದು ಗ್ರೀನ್‌ಲ್ಯಾಂಡಿನ ನೈಋತ್ಯ ದಡದಲ್ಲಿ! ಸುದ್ದಿ ಓದಿದ ನಾರ್ವೆಯ ಫ್ರಿಡ್‌ಟ್ಯೋಫ್ ನಾನ್‌ಸೆನ್ ಯೋಚಿಸಿದರು: ಹಡಗಿನ ಚೂರುಗಳು ದಾಟಿ ಬರಬಲ್ಲವಾದರೆ ಹಡಗೇ ಯಾಕೆ ಬರಬಾರದು? ಹಿಮ ಹಿಂಡಿದಾಗ ಒಡೆಯದೆ ಮೇಲಕ್ಕೆ ಜಾರಿ ಕೂರುವಂತೆ ಹೊಟ್ಟೆ ದುಂಡಗಿರುವ ಹಡಗೊಂದನ್ನು ಕಟ್ಟಿಸಿದರು. ಅದರ ಹೆಸರು ಫ್ರಾಮ್. 1893ರಲ್ಲಿ ಹೊರಟು, ಬೇಕೆಂದೇ ಹಿಮಕ್ಕೆ ಸಿಕ್ಕಿಕೊಂಡರು. ಸುತ್ತ ಕಡಲು ಹೆಪ್ಪುಗಟ್ಟಿತು, ಹಡಗು ಮೇಲೆದ್ದು ಕೂತಿತು, ಹಿಮದ ಜೊತೆಗೆ ತೇಲತೊಡಗಿತು.

ಅಲ್ಲಿ ಆಳವಿಲ್ಲದ ಕಡಲಿರಬಹುದೆಂದು ಅವರು ಎಣಿಸಿದ್ದರು. ಆಳ ಅಳೆಯಲು ಇಳಿಬಿಟ್ಟ ಹಗ್ಗ ತಳ ಮುಟ್ಟಲೇ ಇಲ್ಲ! ಕೊನೆಗೆ ಹಡಗಿನ ಉಕ್ಕಿನ ಹಗ್ಗವೊಂದರ ಎಳೆಗಳನ್ನು ಬಿಚ್ಚಿ, ಉದ್ದಕ್ಕೆ ಜೋಡಿಸಿ, ಹೊಸ ದಾರ ಮಾಡಿ ಇಳಿಬಿಟ್ಟರು. ಮೂರು ಕಿಲೋಮೀಟರಿಗಿಂತ ಆಳ. ಜಗತ್ತಿಗೆ ಹೊಸದೊಂದು ಸಾಗರವೇ ಸಿಕ್ಕಿದಂತಾಯಿತು. 1896ರಲ್ಲಿ ಫ್ರಾಮ್ ಹಿಮದಿಂದ ಬಿಡಿಸಿಕೊಂಡು ಸುರಕ್ಷಿತವಾಗಿ ಊರಿಗೆ ಮರಳಿತು.

ಹದಿನಾಲ್ಕು ವರ್ಷದ ಮೇಲೆ ಅದೇ ಹಡಗನ್ನು ನಾರ್ವೆಯವರೇ ಆದ ರೋಆಲ್ಡ್ ಅಮುಂಡ್‌ಸೆನ್ ಕಡಲಿಗಿಳಿಸಿದರು. ಉತ್ತರಕ್ಕೆ ಎಂದು ಹೇಳಿ ಹೊರಟು ದಕ್ಷಿಣಕ್ಕೆ ತಿರುಗಿಸಿದರು. 1911ರ ಜನವರಿಯಲ್ಲಿ ಫ್ರಾಮ್ ಅಂಟಾರ್ಕ್ಟಿಕಾದ ಹಿಮದ ಗೋಡೆಗೆ ಬಂದು ನಿಂತಿತು. ಅಲ್ಲಿಂದ ಮುಂದೆ ತೇಲುವ ಮಾತೇ ಇಲ್ಲ, ಏರುವುದು. ನಾಯಿಗಳು ಸ್ಲೆಜ್ ಗಾಡಿ ಎಳೆಯುತ್ತ ಹಿಮನದಿ ಹತ್ತಿ ಮೂರು ಕಿಲೋಮೀಟರಿಗೂ ಎತ್ತರದ ಪ್ರಸ್ಥಭೂಮಿಗೆ ಬಂದವು. 1911ರ ಡಿಸೆಂಬರ್ 14ರಂದು ಐವರು ಧ್ರುವ ಮುಟ್ಟಿದರು. ಒಂದೇ ಹಡಗಿನ ಜನ ಒಂದು ತುದಿಯಲ್ಲಿ ಮೂರು ಕಿಲೋಮೀಟರ್ ಕೆಳಕ್ಕೆ ದಾರ ಬಿಟ್ಟರು, ಇನ್ನೊಂದು ತುದಿಯಲ್ಲಿ ಮೂರು ಕಿಲೋಮೀಟರ್ ಮೇಲಕ್ಕೆ ಹತ್ತಿದರು! ಧ್ರುವಗಳ ವ್ಯತ್ಯಾಸವನ್ನು ಇಷ್ಟು ಚೆನ್ನಾಗಿ ಹೇಳುವ ಇನ್ನೊಂದು ಸಂಗತಿ ನನಗೆ ಸಿಕ್ಕಿಲ್ಲ.

ಚಳಿಯ ಲೆಕ್ಕವೂ ಇಲ್ಲಿಂದಲೇ ಶುರು. ಉತ್ತರದ ಹಿಮದಡಿಯ ಕಡಲು ಎಷ್ಟೇ ತಣ್ಣಗಿದ್ದರೂ ಸೊನ್ನೆಗಿಂತ ಸುಮಾರು 2 ಡಿಗ್ರಿಗಿಂತ ಕೆಳಗಿಳಿಯಲಾರದು. ಚಳಿಗಾಲವಿಡೀ ಆ ನೀರು ಮೇಲಿನ ಗಾಳಿಗೆ ಶಾಖ ಕೊಡುತ್ತಲೇ ಇರುತ್ತದೆ. ಉತ್ತರಾರ್ಧದ ದಾಖಲೆಯ ಚಳಿ ಧ್ರುವದಲ್ಲಿಲ್ಲ, ಗ್ರೀನ್‌ಲ್ಯಾಂಡಿನ ಎತ್ತರದ ಹಿಮದ ಮೇಲಿದೆ: 1991ರಲ್ಲಿ ಮೈನಸ್ 69.6 ಡಿಗ್ರಿ. ದಕ್ಷಿಣದಲ್ಲಿ ಶಾಖ ಕೊಡುವ ಕಡಲಿಲ್ಲ, ಎತ್ತರ ಬೇರೆ. ವೊಸ್ಟೋಕ್ ನೆಲೆಯಲ್ಲಿ 1983ರ ಜುಲೈ 21ರಂದು ಮೈನಸ್ 89.2 ಡಿಗ್ರಿ ದಾಖಲಾಯಿತು. ಅದೇ ನೆಲೆಯ ಕೆಳಗೆ, ನಾಲ್ಕು ಕಿಲೋಮೀಟರಿನಷ್ಟು ಹಿಮದಡಿ, ಹೆಪ್ಪುಗಟ್ಟದ ದೊಡ್ಡ ಸರೋವರವೊಂದು ಕತ್ತಲಲ್ಲಿ ಹುದುಗಿ ಕೂತಿದೆ!

ಹಿಮಕರಡಿ ಉತ್ತರದ್ದು, ಪೆಂಗ್ವಿನ್ ದಕ್ಷಿಣದ್ದು. ಇದು ಶಾಲೆಯ ಮಕ್ಕಳಿಗೂ ಗೊತ್ತು. ಯಾಕೆ ಎಂದು ಕೇಳಿದರೆ ಮತ್ತೆ ಅದೇ ಉತ್ತರ. ಆರ್ಕ್ಟಿಕ್‌ನ ಸುತ್ತ ಮೂರು ಖಂಡಗಳ ನೆಲವಿದೆ, ಅಲ್ಲಿಂದ ಕರಡಿ, ನರಿ, ತೋಳ, ಮನುಷ್ಯ ನಡೆದೇ ಹೋಗಬಹುದು. ಅಂಟಾರ್ಕ್ಟಿಕಾಕ್ಕೆ ನಡೆದು ಹೋಗುವ ದಾರಿ ಕೋಟ್ಯಂತರ ವರ್ಷಗಳಿಂದ ಇಲ್ಲ. ಅದಕ್ಕೇ ಉತ್ತರದ ರಿಂಗ್ಡ್ ಸೀಲ್ ತನ್ನ ಮರಿಯನ್ನು ಹಿಮದ ಬಿಲದಲ್ಲಿ ಹೆತ್ತು ಬಚ್ಚಿಡುತ್ತದೆ, ಕರಡಿಯ ಭಯ. ದಕ್ಷಿಣದ ವೆಡೆಲ್ ಸೀಲ್ ಬಯಲಲ್ಲೇ ಹೆತ್ತು ನಿಶ್ಚಿಂತೆಯಿಂದ ಮಲಗಿರುತ್ತದೆ, ಅದರ ಶತ್ರುಗಳೆಲ್ಲ ನೀರಿನಲ್ಲಿ. ಇಡೀ ವರ್ಷ ಅಂಟಾರ್ಕ್ಟಿಕಾದ ನೆಲದ ಮೇಲೆಯೇ ಬಾಳುವ ಅತಿ ದೊಡ್ಡ ಪ್ರಾಣಿ ಯಾವುದು? ಪೆಂಗ್ವಿನ್ ಅಲ್ಲ, ಅದು ಕಡಲಿನ ಹಕ್ಕಿ. ಅದು ರೆಕ್ಕೆಯಿಲ್ಲದ ಒಂದು ನೊಣ, ಬೆಲ್ಜಿಕಾ ಅಂಟಾರ್ಕ್ಟಿಕಾ. ಉದ್ದ 2ರಿಂದ 6 ಮಿಲಿಮೀಟರ್! ಹೂಬಿಡುವ ಸ್ಥಳೀಯ ಗಿಡಗಳು ಇಡೀ ಖಂಡಕ್ಕೆ ಎರಡೇ.

ನೀರಿನೊಳಗೆ ಇಣುಕಿದರೆ ಉಸಿರು ನಿಲ್ಲುತ್ತದೆ. ಧ್ರುವದ ಕಡಲಿನ ತಣುಪಿಗೆ ಸಾಮಾನ್ಯ ಮೀನಿನ ರಕ್ತ ಹೆಪ್ಪುಗಟ್ಟಬೇಕು. ದಕ್ಷಿಣದ ಮೀನುಗಳ ರಕ್ತದಲ್ಲಿ ಹಿಮದ ಹರಳು ಬೆಳೆಯದಂತೆ ತಡೆಯುವ ಒಂದು ಪ್ರೋಟೀನಿದೆ. ಉತ್ತರದ ಕಾಡ್ ಮೀನಿನ ರಕ್ತದಲ್ಲೂ ಹೆಚ್ಚುಕಡಿಮೆ ಅದೇ ಪ್ರೋಟೀನು. ಇವು ಹತ್ತಿರದ ಬಂಧುಗಳಲ್ಲ, ಅವುಗಳ ನಡುವೆ ಇಡೀ ಭೂಮಿಯ ಬೆಚ್ಚನೆಯ ಕಡಲುಗಳಿವೆ. 1997ರಲ್ಲಿ ಪ್ರಕಟವಾದ ಸಂಶೋಧನೆ ತೋರಿಸಿತು: ಎರಡೂ ಕಡೆಯ ಮೀನುಗಳು ಅದನ್ನು ಬೇರೆ ಬೇರೆಯಾಗಿ, ಬೇರೆ ಬೇರೆ ವಂಶವಾಹಿ ಸಾಮಗ್ರಿಯಿಂದ ಕಟ್ಟಿಕೊಂಡಿವೆ. ಎಲ್ಲದರಲ್ಲೂ ತಿರುವುಮುರುವಾದ ಎರಡು ಧ್ರುವಗಳು ಈ ಒಂದು ಪ್ರಶ್ನೆಗೆ ಒಂದೇ ಉತ್ತರ ಬರೆದಿವೆ! ದಕ್ಷಿಣದ ಐಸ್‌ಫಿಶ್ ಇನ್ನೂ ಮುಂದೆ ಹೋಗಿ ರಕ್ತದ ಕೆಂಪನ್ನೇ ಬಿಟ್ಟುಕೊಟ್ಟಿದೆ. ಅದರ ರಕ್ತದಲ್ಲಿ ಹಿಮೋಗ್ಲೋಬಿನ್ ಇಲ್ಲ. 2021ರಲ್ಲಿ ಪೋಲಾರ್‌ಸ್ಟರ್ನ್ ಎಂಬ ಜರ್ಮನ್ ಹಡಗಿನವರು ವೆಡೆಲ್ ಸಮುದ್ರದ ತಳಕ್ಕೆ ಕ್ಯಾಮೆರಾ ಇಳಿಸಿದಾಗ ಐಸ್‌ಫಿಶ್ ಜಾತಿಗಳಲ್ಲೊಂದರ ಗೂಡುಗಳು ಸಾಲುಸಾಲಾಗಿ ಕಂಡವು. ಅಂದಾಜು 6 ಕೋಟಿ ಗೂಡುಗಳು!

ಎರಡೂ ತುದಿಗಳನ್ನು ತನ್ನದಾಗಿಸಿಕೊಂಡ ಜೀವವೊಂದಿದೆ, ನೂರು ಗ್ರಾಂ ಆಸುಪಾಸು ತೂಗುವ ಆರ್ಕ್ಟಿಕ್ ಟರ್ನ್ ಹಕ್ಕಿ. ಉತ್ತರದ ಬೇಸಿಗೆ ಮುಗಿಸಿ ದಕ್ಷಿಣದ ಬೇಸಿಗೆಗೆ ಹಾರುತ್ತದೆ. ಪುಟ್ಟ ಯಂತ್ರ ಕಟ್ಟಿ ನೋಡಿದಾಗ ವರ್ಷಕ್ಕೆ ಸರಾಸರಿ 70,000 ಕಿಲೋಮೀಟರಿಗೂ ಹೆಚ್ಚು ಹಾರಾಟ ಕಂಡಿತು. ದೇವತೆಗಳ ಹಗಲನ್ನೂ ಅಸುರರ ಹಗಲನ್ನೂ ಅದು ಉಣ್ಣುತ್ತದೆ.

ಇನ್ನು ನನ್ನನ್ನು ಅತಿ ಹೆಚ್ಚು ಬೆರಗುಗೊಳಿಸಿದ್ದಕ್ಕೆ ಬರುತ್ತೇನೆ. 2004ರಲ್ಲಿ ವಿಜ್ಞಾನಿಗಳು ಉತ್ತರ ಧ್ರುವದ ಸಮೀಪ ಕಡಲತಳ ಕೊರೆದು ಕೆಸರಿನ ಕಂಬಗಳನ್ನು ಮೇಲೆತ್ತಿದರು. ಸುಮಾರು 4.9 ಕೋಟಿ ವರ್ಷ ಹಳೆಯ ಪದರದಲ್ಲಿ ಅವರಿಗೆ ಸಿಕ್ಕಿದ್ದು ಅಜೋಲಾ! ಹೌದು, ನಮ್ಮ ರೈತರು ಹಸುವಿನ ಮೇವಿಗೆಂದು ತೊಟ್ಟಿಯಲ್ಲಿ ಬೆಳೆಸುವ, ಭತ್ತದ ಗದ್ದೆಗೆ ಗೊಬ್ಬರವಾಗಿ ಬಿಡುವ ಅದೇ ಅಜೋಲಾದ ಪ್ರಾಚೀನ ಬಂಧು. ಆಗ ಭೂಮಿ ಬೆಚ್ಚಗಿತ್ತು, ಆರ್ಕ್ಟಿಕ್ ಕಡಲಿನ ಮೇಲೆ ಸಿಹಿನೀರಿನ ಪದರ ನಿಂತಿತ್ತು, ಅದರ ಮೇಲೆ ಈ ಜರಿಗಿಡ ಹಬ್ಬಿತ್ತು. ದಕ್ಷಿಣದಲ್ಲಿ? 1912ರಲ್ಲಿ ಧ್ರುವದಿಂದ ಮರಳುತ್ತ ಹಸಿವು ಚಳಿಗಳಲ್ಲಿ ಸಾಯುತ್ತಿದ್ದ ಬ್ರಿಟನ್ನಿನ ಸ್ಕಾಟ್ ತಂಡದವರು ಸುಮಾರು 16 ಕಿಲೋ ಕಲ್ಲುಗಳನ್ನು ಕೊನೆಯವರೆಗೂ ಎಳೆದು ತಂದಿದ್ದರು. ಶವಗಳ ಜೊತೆ ಸಿಕ್ಕಿದ ಆ ಕಲ್ಲುಗಳಲ್ಲಿ ಗ್ಲಾಸಾಪ್ಟೆರಿಸ್ ಎಂಬ ಮರದ ಎಲೆಯ ಅಚ್ಚಿತ್ತು. ಭಾರತದ ಗೋಂಡ್ವಾನ ಕಲ್ಲಿದ್ದಲು ಬಹುಪಾಲು ಆ ಮರಗಳದ್ದೇ. ಆ ಕಾಲಕ್ಕೆ ನಮ್ಮ ನೆಲ ಮತ್ತು ಅಂಟಾರ್ಕ್ಟಿಕಾ ಒಂದೇ ಭೂಭಾಗ. ಅದೇ ಸಂಬಂಧದ ಕುರುಹುಗಳನ್ನು ಇಂದು ಅಂಟಾರ್ಕ್ಟಿಕಾದಲ್ಲಿರುವ ಭಾರತದ ನೆಲೆ ‘ಭಾರತಿ’ಯ ಸುತ್ತಲಿನ ಬಂಡೆಗಳಲ್ಲಿ ನಮ್ಮ ಭೂವಿಜ್ಞಾನಿಗಳು ಓದುತ್ತಿದ್ದಾರೆ.

ಸುಮಾರು 3.4 ಕೋಟಿ ವರ್ಷಗಳ ಹಿಂದೆ ದಕ್ಷಿಣ ಅಮೆರಿಕ ದೂರ ಸರಿಯುತ್ತಿದ್ದ ಕಾಲಕ್ಕೆ ಅಂಟಾರ್ಕ್ಟಿಕಾ ಹಿಮ ಹೊದ್ದಿತು. ಈಗ ಅದರ ಸುತ್ತ ತಡೆಯೇ ಇಲ್ಲದೆ ತಿರುಗುವ ಕಡಲ ಪ್ರವಾಹದಲ್ಲಿ ಲೋಕದ ಎಲ್ಲ ನದಿಗಳ ನೂರು ಪಟ್ಟಿಗೂ ಮಿಕ್ಕ ನೀರು ಹರಿಯುತ್ತದೆ. ಗಾಳಿಯೂ ಹಾಗೇ ಸುತ್ತುತ್ತ ಖಂಡದ ಮೇಲಿನ ಚಳಿಯನ್ನು ಒಳಗೇ ಕೂಡಿಹಾಕುತ್ತದೆ. 1985ರಲ್ಲಿ ಬ್ರಿಟಿಷ್ ವಿಜ್ಞಾನಿಗಳು ಓಝೋನ್ ಪದರದ ತೂತನ್ನು ಸಾರಿದ್ದು ದಕ್ಷಿಣದ ಮೇಲೆಯೇ, ಉತ್ತರದ ಮೇಲಲ್ಲ; ಕಾರಣ ಈ ಕೂಡಿಟ್ಟ ಚಳಿ.

ಮನುಷ್ಯರ ವಿಷಯ ಬೇಗ ಹೇಳಿಬಿಡುತ್ತೇನೆ. ಆರ್ಕ್ಟಿಕ್‌ನಲ್ಲಿ ಸುಮಾರು 40 ಲಕ್ಷ ಜನರಿದ್ದಾರೆ. ಇನ್ಯುಇಟ್, ಸಾಮಿ, ನೆನೆಟ್ಸ್ ಮುಂತಾದವರು ತಲೆತಲಾಂತರದಿಂದ ಅಲ್ಲಿಯವರು. ಅಂಟಾರ್ಕ್ಟಿಕಾ ಮನುಷ್ಯರ ಕಣ್ಣಿಗೆ ಬಿದ್ದದ್ದೇ 1820ರಲ್ಲಿ. ಅಲ್ಲಿ ಹುಟ್ಟಿದ ಮೊದಲ ಮಗುವಿಗೆ 1978ರವರೆಗೆ ಕಾಯಬೇಕಾಯಿತು. ಆ ನೆಲವನ್ನು 1959ರ ಒಪ್ಪಂದ ಶಾಂತಿಗೆ, ವಿಜ್ಞಾನಕ್ಕೆ ಮೀಸಲಿಟ್ಟಿತು. 1991ರ ಒಡಂಬಡಿಕೆ ಗಣಿಗಾರಿಕೆಯನ್ನೂ ನಿಷೇಧಿಸಿತು. ಮನುಷ್ಯಕುಲ ಮಾಡಿದ ಅತಿ ಒಳ್ಳೆಯ ಕೆಲಸಗಳಲ್ಲಿ ಇದೊಂದು ಎಂದು ನಾನು ನಂಬುತ್ತೇನೆ. ಉತ್ತರದ ಕಡಲಿಗೆ ಅಂಥ ಕಾವಲಿಲ್ಲ. 2007ರಲ್ಲಿ ರಷ್ಯನ್ನರು ಧ್ರುವದಡಿಯ ಕಡಲತಳಕ್ಕೇ ಇಳಿದು ಟೈಟಾನಿಯಂ ಬಾವುಟ ನೆಟ್ಟು ಬಂದರು.

ಕರಗುವ ರೀತಿಯೂ ಬೇರೆ. ಉತ್ತರದ ತೇಲುಹಿಮ ಕರಗಿದರೆ ಕಡಲಮಟ್ಟ ಏರುವುದೇ ಇಲ್ಲವೆನ್ನಬಹುದು, ಅದು ಈಗಾಗಲೇ ನೀರಿನಲ್ಲೇ ಇದೆ. ಆದರೆ ಬಿಸಿಲನ್ನು ಹಿಂದಕ್ಕೆ ತಿರುಗಿಸುತ್ತಿದ್ದ ಬಿಳುಪು ಹೋಗಿ, ಬಿಸಿಲು ನುಂಗುವ ಕಪ್ಪು ನೀರು ತೆರೆದುಕೊಳ್ಳುತ್ತದೆ. 2012ರ ಸೆಪ್ಟೆಂಬರಿನಲ್ಲಿ ಆ ಹಿಮ 34 ಲಕ್ಷ ಚದರ ಕಿಲೋಮೀಟರಿಗೆ ಕುಗ್ಗಿತ್ತು. ದಕ್ಷಿಣದ ಹಿಮವೋ ನೆಲದ ಮೇಲಿರುವುದು. ಅದಷ್ಟೂ ಕರಗಿದರೆ ಲೋಕದ ಕಡಲುಗಳು ಸುಮಾರು 58 ಮೀಟರ್ ಏರುತ್ತವೆ.

ಇದೆಲ್ಲ ನಮ್ಮಿಂದ ಬಲು ದೂರ ಎಂದುಕೊಳ್ಳಬೇಡಿ. ಕಾರವಾರದಿಂದ ಗಡಿ ದಾಟಿದರೆ ಗೋವಾದ ವಾಸ್ಕೋ. ಅಲ್ಲಿದೆ ರಾಷ್ಟ್ರೀಯ ಧ್ರುವ ಮತ್ತು ಸಾಗರ ಸಂಶೋಧನಾ ಕೇಂದ್ರ. ಉತ್ತರದ ಸ್ವಾಲ್‌ಬಾರ್ಡ್ ದ್ವೀಪಸಮೂಹದ ಹಿಮಾದ್ರಿ, ಅಂಟಾರ್ಕ್ಟಿಕಾದ ಮೈತ್ರಿ ಮತ್ತು ಭಾರತಿ, ಈ ಮೂರೂ ಭಾರತೀಯ ನೆಲೆಗಳನ್ನು ನಡೆಸುವುದು ಆ ಕೇಂದ್ರವೇ. ದಕ್ಷಿಣದ ನೆಲೆಗಳಿಗೆ ವಿಜ್ಞಾನಿಗಳಷ್ಟೇ ಹೋಗುವುದಿಲ್ಲ. ವೈದ್ಯರು, ಅಡುಗೆಯವರು, ವಾಹನ ಮೆಕ್ಯಾನಿಕ್‌ಗಳು, ಎಲೆಕ್ಟ್ರಿಷಿಯನ್ನರು, ವೆಲ್ಡರ್‌ಗಳೂ ಬೇಕು, ಅದಕ್ಕಾಗಿ ಕೇಂದ್ರ ಅರ್ಜಿ ಕರೆಯುತ್ತದೆ. ನಿಮ್ಮ ಮನೆಯಲ್ಲಿ, ನೆರೆಯಲ್ಲಿ ಅಂಥ ಕೈಕಸುಬು ಬಲ್ಲ ಹುಡುಗ ಹುಡುಗಿಯರಿದ್ದರೆ ದಯವಿಟ್ಟು ಈ ವಿಷಯ ಅವರ ಕಿವಿಗೆ ಹಾಕಿ, ಅರ್ಜಿ ಬರೆಸಿ.