ಎರಡು ಮರಗಳ ವಾರ

ಭಾನುವಾರ ಸೂರ್ಯನದು, ಸೋಮವಾರ ಚಂದ್ರನದು. ಗೋಡೆಯ ಕ್ಯಾಲೆಂಡರ್ ನೋಡುವ ಮಗುವಿಗೂ ಇದು ಗೊತ್ತು. ಜೆ. ಆರ್. ಆರ್. ಟೋಲ್ಕೀನ್ ಕಟ್ಟಿದ ಕಲ್ಪಿತ ಲೋಕದಲ್ಲೂ ವಾರಗಳಿವೆ. ಅಲ್ಲಿನ ಎಲ್ಫ್‌ಗಳ ವಾರಕ್ಕೆ ಆರೇ ದಿನ. ಮೊದಲನೆಯದು ನಕ್ಷತ್ರಗಳ ದಿನ, ಆಮೇಲೆ ಸೂರ್ಯನದು, ಚಂದ್ರನದು, ನಾಲ್ಕನೆಯದು ಎರಡು ಮರಗಳದು. ಉಳಿದೆರಡು ಆಕಾಶಕ್ಕೂ ದೇವತೆಗಳಿಗೂ ಸೇರಿದವು. ಸೂರ್ಯಚಂದ್ರರ ಪಕ್ಕದಲ್ಲಿ ಮರಗಳಿಗೇನು ಕೆಲಸ ಎಂದು ಕೇಳಿದರೆ, ಅವೇ ಮೊದಲು ಬಂದವು ಎಂಬುದು ಉತ್ತರ.

1977ರಲ್ಲಿ, ಟೋಲ್ಕೀನ್ ತೀರಿಕೊಂಡ ನಾಲ್ಕು ವರ್ಷಗಳ ಮೇಲೆ ಹೊರಬಂದ 'ದಿ ಸಿಲ್ಮರಿಲಿಯನ್' ಈ ಕಥೆ ಹೇಳುತ್ತದೆ. ದೇವತೆಗಳ ನಾಡಾದ ವಾಲಿನೋರಿನಲ್ಲಿ ಸೂರ್ಯನೂ ಇಲ್ಲ, ಚಂದ್ರನೂ ಇಲ್ಲ. ಬೆಳ್ಳಿ ಬೆಳಕಿನ ತೆಲ್ಪೆರಿಯನ್, ಹೊನ್ನ ಬೆಳಕಿನ ಲೌರೆಲಿನ್ ಎಂಬ ಎರಡು ಮರಗಳೇ ಆ ನಾಡಿನ ಗಡಿಯಾರ. ಪ್ರತಿ ಮರವೂ ಏಳು ಗಂಟೆಯೊಳಗೆ ಬೆಳಗಿ, ತುಂಬಿ, ನಂದುತ್ತದೆ. ಒಂದು ಪೂರ್ತಿ ನಂದುವುದಕ್ಕೆ ಒಂದು ಗಂಟೆ ಮೊದಲೇ ಇನ್ನೊಂದು ಕಣ್ಣು ಬಿಡುತ್ತದೆ. ಏಳು ಮತ್ತು ಏಳರಲ್ಲಿ ಎರಡು ಗಂಟೆ ಒಂದರ ಮೇಲೊಂದು ಬೀಳುವುದರಿಂದ ದಿನಕ್ಕೆ ಹನ್ನೆರಡು ಗಂಟೆ. ಬೆಳ್ಳಿ ಬೆಳಕೂ ಹೊನ್ನ ಬೆಳಕೂ ಬೆರೆಯುವ ಆ ಎರಡು ಗಂಟೆಗಳಿಗೆ ನಮ್ಮ 'ಸಂಧ್ಯಾಕಾಲ' ಎಂಬ ಮಾತು ಎಷ್ಟು ಚೆನ್ನಾಗಿ ಒಪ್ಪುತ್ತದೆ! ಕತ್ತಲು ಬೆಳಕಿನ ಸಂಧಿಯಲ್ಲ ಅದು, ಎರಡು ಬೆಳಕುಗಳ ಸಂಧಿ.

ಟೋಲ್ಕೀನ್ ಅಷ್ಟಕ್ಕೇ ಬಿಡಲಿಲ್ಲ. ಆಮೇಲೆ ಪ್ರಕಟವಾದ ಅವರ ಹಸ್ತಪ್ರತಿಯೊಂದರ ಲೆಕ್ಕದಂತೆ ಮರಗಳ ಒಂದು ಗಂಟೆ ಎಂದರೆ ನಮ್ಮ ಏಳು ಗಂಟೆ. ಅವರ ಒಂದು ದಿನ ನಮ್ಮ 84 ಗಂಟೆ, ಅಂದರೆ ಮೂರೂವರೆ ದಿನ. ಅಂಥ 1000 ದಿನಕ್ಕೆ ಒಂದು ವರ್ಷ. ಗುಣಿಸಿ ನೋಡಿದರೆ ನಮ್ಮ ಒಂಬತ್ತೂವರೆ ವರ್ಷಕ್ಕೆ ಚೂರು ಹೆಚ್ಚು.

ಆ ಮರಗಳು ಸತ್ತದ್ದು ಹಬ್ಬದ ದಿನ. ಮೊದಲ ಫಲ ಕೊಯ್ಯುವ ಕಾಲದ ಉತ್ಸವಕ್ಕೆಂದು ಜನ ತಾನಿಕ್ವೆತಿಲ್ ಬೆಟ್ಟದ ಮೇಲೆ ಸೇರಿದ್ದರು. ಕೆಳಗೆ ಊರು ಬರಿದಾಗಿತ್ತು. ಎರಡು ಬೆಳಕುಗಳು ಬೆರೆಯುವ ಹೊತ್ತಿಗೆ ದೇವತೆಗಳ ವೈರಿ ಮೆಲ್ಕೋರ್ ಬಂದು ಮರಗಳನ್ನು ಇರಿದ. ಜೊತೆಗೆ ಬಂದಿದ್ದ ಜೇಡದ ರೂಪದ ಉಂಗೋಲಿಯಂಟ್ ಅವುಗಳ ರಸವನ್ನೆಲ್ಲ ಹೀರಿತು. ಸಾಯುವ ಮೊದಲು ಒಂದು ಮರ ಕೊಟ್ಟ ಹೂವು ಚಂದ್ರನಾಯಿತು, ಇನ್ನೊಂದು ಕೊಟ್ಟ ಹಣ್ಣು ಸೂರ್ಯನಾಯಿತು. ಹಾಗಾಗಿ ಈ ಲೋಕದ ಪಂಚಾಂಗದಲ್ಲಿ ಸೂರ್ಯನ ದಿನ, ಚಂದ್ರನ ದಿನ ಎಂದರೆ ಕಳೆದುಹೋದ ಬೆಳಕಿನ ಉಳಿಕೆ.

ನನಗೆ ಇದಕ್ಕಿಂತ ಹತ್ತಿರವಾದದ್ದು ನೂಮೆನೋರ್ ಎಂಬ ಮನುಷ್ಯರ ದ್ವೀಪದ ಯಾತ್ರೆ. 1980ರಲ್ಲಿ ಮಗ ಕ್ರಿಸ್ಟೋಫರ್ ಸಂಪಾದಿಸಿದ 'ಅನ್‌ಫಿನಿಶ್ಡ್ ಟೇಲ್ಸ್'ನಲ್ಲಿ ಕೆಲವೇ ಪುಟಗಳಲ್ಲಿ ಅದರ ವಿವರ ಬರುತ್ತದೆ. ದ್ವೀಪದ ನಡುವೆ ಮೆನೆಲ್ತಾರ್ಮ ಎಂಬ ಬೆಟ್ಟ. ತೆಂಕಣ ಬುಡದಿಂದ ಸುತ್ತಿ ಸುತ್ತಿ ಏರುವ ದಾರಿ. ವರ್ಷಕ್ಕೆ ಮೂರು ಸಲ ಅರಸ ಕಾಲ್ನಡಿಗೆಯಲ್ಲಿ ಅದನ್ನು ಹತ್ತುತ್ತಾನೆ: ವಸಂತದ ಮೊದಲ ದಿನಗಳಲ್ಲಿ ಬರುವ ವರ್ಷಕ್ಕಾಗಿ ಬೇಡಲು, ನಡುಬೇಸಿಗೆಯಲ್ಲಿ ಪರಮಾತ್ಮನಾದ ಎರುವನ್ನು ಸ್ತುತಿಸಲು, ಶರತ್ಕಾಲದ ಕೊನೆಗೆ ಕೃತಜ್ಞತೆ ಹೇಳಲು. ಹಿಂದೆ ಬಿಳಿಯುಟ್ಟು ಮಾಲೆ ತೊಟ್ಟ ಜನಸಾಗರ.

ಜಾತ್ರೆ ಕಂಡು ಬೆಳೆದ ನಮಗೆ ಯಾತ್ರೆ ಎಂದರೆ ಡೊಳ್ಳು, ಜಯಕಾರ, ಗಂಟೆ. ಇಲ್ಲಿ ಯಾರೂ ಮಾತಾಡುವುದಿಲ್ಲ. ತುದಿಯಲ್ಲಿ ಗುಡಿಯಿಲ್ಲ, ಬಲಿಪೀಠವಿಲ್ಲ, ಕಲ್ಲಿನ ಗುಪ್ಪೆಯೂ ಇಲ್ಲ. ಆಯುಧವನ್ನಾಗಲಿ ಉಪಕರಣವನ್ನಾಗಲಿ ಅಲ್ಲಿಗೆ ಒಯ್ಯುವಂತಿಲ್ಲ. ಅರಸನೊಬ್ಬನೇ ಬಾಯಿ ತೆರೆಯಬಹುದು, ಅದೂ ಆ ಮೂರು ಹಬ್ಬಗಳಂದು ಮಾತ್ರ. ಬೇರೆ ದಿನ ಯಾರಾದರೂ ತುದಿ ತಲುಪಿದರೆ ಮೂರು ಹದ್ದುಗಳು ಬಂದು ಪಡುವಣ ಅಂಚಿನ ಮೂರು ಬಂಡೆಗಳ ಮೇಲೆ ಕೂರುತ್ತವೆ. ಹಬ್ಬದ ದಿನ ಅವು ಇಳಿಯದೆ ಜನರ ನೆತ್ತಿಯ ಮೇಲೇ ಸುತ್ತುತ್ತಿರುತ್ತವೆ. ಕಲ್ಪಿತ ಲೋಕಗಳಲ್ಲಿ ನಾನು ಓದಿದ ಆಚರಣೆಗಳಲ್ಲೆಲ್ಲ ಇಷ್ಟು ಗಂಭೀರವಾದದ್ದು ಇನ್ನೊಂದಿಲ್ಲ.

ಈ ದ್ವೀಪದವರು ಎಲ್ಫ್‌ಗಳ ವಾರವನ್ನು ಎರವಲು ಪಡೆದಾಗ ಎರಡು ಬದಲಾವಣೆ ಮಾಡಿಕೊಂಡರು. ಕಡಲಿಗರಾದ್ದರಿಂದ ಕಡಲಿಗೆ ಒಂದು ದಿನ ಸೇರಿಸಿದರು. ವಾರ ಏಳು ದಿನದ್ದಾಯಿತು. ಎರಡನೆಯದು ಇನ್ನೂ ಸೂಕ್ಷ್ಮ. ನಾಲ್ಕನೆಯ ದಿನಕ್ಕೆ ಎಲ್ಫ್‌ಗಳ ಭಾಷೆಯಲ್ಲಿ 'ಅಲ್ದೂಯ' ಎಂದು ಹೆಸರು. ಅದರೊಳಗಿರುವುದು ಸಂಸ್ಕೃತದಲ್ಲಿರುವಂಥದೇ ದ್ವಿವಚನ. ಇವರು ಅದನ್ನು 'ಅಲ್ದೇಯ' ಮಾಡಿದರು, ಒಂದೇ ಮರದ ದಿನ. ಅರಸನ ಅಂಗಳದಲ್ಲಿದ್ದ ನಿಮ್ಲೋತ್ ಎಂಬ ಬಿಳಿ ಮರ ತೆಲ್ಪೆರಿಯನ್ನಿನ ವಂಶದ್ದು ಎಂಬ ನಂಬಿಕೆ. ಹೊನ್ನ ಮರವನ್ನು ಅವರು ಕಂಡಿರಲಿಲ್ಲ, ಮನೆಯಂಗಳದ ಮರವನ್ನು ದಿನವೂ ಕಾಣುತ್ತಿದ್ದರು. ಒಂದು ಪ್ರತ್ಯಯ ಬದಲಾದದ್ದರಲ್ಲಿ ಒಂದು ಜನಾಂಗದ ನೆನಪು ಹೇಗೆ ಕುಗ್ಗಿತೆಂಬುದನ್ನು ಟೋಲ್ಕೀನರಂಥ ಭಾಷಾಶಾಸ್ತ್ರದ ಪ್ರಾಧ್ಯಾಪಕರು ಮಾತ್ರ ಹೀಗೆ ಹೇಳಬಲ್ಲರೇನೋ.

ಮುಂದೆ ಅರಸರಿಗೆ ಸಾವಿನ ಭಯ ಹತ್ತಿತು, ಬೆಟ್ಟದ ದಾರಿ ಪಾಳು ಬಿತ್ತು. ಟಾರ್-ಪಲಾಂಟಿರ್ ಎಂಬೊಬ್ಬ ಅರಸ ಯಾತ್ರೆಯನ್ನು ಮತ್ತೆ ನಡೆಸಿದ. ಆದರೆ ಅವನ ನಂತರ ಗದ್ದುಗೆ ಹಿಡಿದ ಅರ್-ಫರಜೋನ್ ಬೆಟ್ಟ ಹತ್ತಿದವರಿಗೆ ಮರಣದಂಡನೆ ಎಂದು ಸಾರಿದ. ನಿಮ್ಲೋತನ್ನು ಕಡಿಸಿ ಸುಟ್ಟರು. ಅದಕ್ಕೆ ಮೊದಲು ಇಸಿಲ್ದುರ್ ಎಂಬಾತ ರಾತ್ರಿ ನುಗ್ಗಿ, ಗಾಯಗೊಂಡು, ಒಂದು ಹಣ್ಣನ್ನು ಉಳಿಸಿ ತಂದ. ಕೊನೆಗೆ ದ್ವೀಪವೇ ಮುಳುಗಿತು.

ಪಂಚಾಂಗ ಕಳೆದುಕೊಂಡವರು ಆ ದ್ವೀಪದವರಷ್ಟೇ ಅಲ್ಲ. 1937ರ 'ದಿ ಹಾಬಿಟ್'ನಲ್ಲಿ ಕುಬ್ಜರ ಹೊಸವರ್ಷವಾದ ಡ್ಯೂರಿನ್ ದಿನಕ್ಕೆ ಶರತ್ಕಾಲದ ಕೊನೆಯ ಚಂದ್ರನೂ ಸೂರ್ಯನೂ ಒಟ್ಟಿಗೆ ಆಕಾಶದಲ್ಲಿರಬೇಕು. ಅದು ಯಾವತ್ತು ಬರುತ್ತದೆಂದು ಲೆಕ್ಕ ಹಾಕುವ ವಿದ್ಯೆಯೇ ಅವರಿಗೆ ಮರೆತುಹೋಗಿದೆ. ಆ ಸಂಜೆಯ ಕೊನೆಯ ಕಿರಣವೊಂದು ಬೆಟ್ಟದ ಬಂಡೆಯ ಮೇಲೆ ಬೀಳುತ್ತದೆ, ಅಡಗಿದ್ದ ಬಾಗಿಲಿನ ಬೀಗದ ಕಿಂಡಿ ಕಾಣುತ್ತದೆ. ಸಂಕ್ರಾಂತಿಯ ಸಂಜೆ ಬೆಂಗಳೂರಿನ ಗವಿ ಗಂಗಾಧರೇಶ್ವರನ ಗುಡಿಯಲ್ಲಿ ಕಿರಣಕ್ಕಾಗಿ ಕಾದವರಿಗೆ ಆ ಪುಟಗಳ ತವಕ ಬಿಡಿಸಿ ಹೇಳಬೇಕಿಲ್ಲ.

ಬೆಳಕಿನ ವಿಷಯದಲ್ಲಿ ಟೋಲ್ಕೀನ್ ತಮಗೂ ವಿನಾಯಿತಿ ಕೊಟ್ಟುಕೊಂಡವರಲ್ಲ. 1944ರ ಮೇ ತಿಂಗಳಲ್ಲಿ ಮಗನಿಗೆ ಬರೆದ ಕಾಗದದಲ್ಲಿ, ಆಗ ಬರೆಯುತ್ತಿದ್ದ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಕಥೆಯ ಚಂದ್ರ ಒಂದು ಕಡೆ ಮೂಡುತ್ತಿರುವಾಗಲೇ ಇನ್ನೊಂದು ಕಡೆ ಮುಳುಗುತ್ತಿದ್ದಾನೆ ಎಂದು ಪೇಚಾಡಿದ್ದಾರೆ. ಬರೆದ ಅಧ್ಯಾಯಗಳಿಗೆ ಮತ್ತೆ ಕೈಹಾಕಿ ಅದನ್ನು ಸರಿಪಡಿಸಿದರು.

'ದಿ ಲಾರ್ಡ್ ಆಫ್ ದಿ ರಿಂಗ್ಸ್'ನ ಕೊನೆಗೆ, ಯುದ್ಧ ಮುಗಿದ ಮೇಲೆ, ಉಂಗುರ ನಾಶವಾದ ಮಾರ್ಚ್ 25 ಹೊಸ ವರ್ಷದ ಮೊದಲ ದಿನವಾಗುತ್ತದೆ. ಇಂಗ್ಲೆಂಡಿನಲ್ಲಿ 1752ರ ಸುಧಾರಣೆಗೆ ಮೊದಲು ಶಾಸನಬದ್ಧ ವರ್ಷ ಶುರುವಾಗುತ್ತಿದ್ದದ್ದೂ ಅದೇ ದಿನ. ಮೂರು ತಿಂಗಳ ಬಳಿಕ ಹೊಸ ಅರಸ ಅರಗೋರ್ನ್ ಮಾಂತ್ರಿಕ ಗ್ಯಾಂಡಾಲ್ಫನ ಜೊತೆ ತನ್ನ ರಾಜಧಾನಿಯ ಹಿಂದಿನ ಬೆಟ್ಟ ಹತ್ತುತ್ತಾನೆ. ಹಿಂದೆ ಅರಸರು ಮಾತ್ರ ಹೋಗುತ್ತಿದ್ದ ಪುಣ್ಯಸ್ಥಳಕ್ಕೆ ಹೋಗುವ, ಈಗ ಹೆಚ್ಚು ಜನ ತುಳಿಯಲು ಧೈರ್ಯ ಮಾಡದ ದಾರಿ ಅದು. ಅಲ್ಲಿ ಹಿಮದ ಅಂಚಿನಲ್ಲಿ ಮೂರು ಅಡಿ ಎತ್ತರದ ಬಿಳಿ ಮರದ ಸಸಿ ಸಿಗುತ್ತದೆ. ಇಸಿಲ್ದುರ್ ಉಳಿಸಿದ ಹಣ್ಣಿನ ವಂಶದ್ದೇ.

ಈ ವಾರಗಳ, ಹೊಸ ವರ್ಷದ ಲೆಕ್ಕ ಆ ಕಾದಂಬರಿಯ ಮೂರನೆಯ ಸಂಪುಟದ ಅನುಬಂಧದಲ್ಲಿ ಸಣ್ಣ ಅಕ್ಷರದಲ್ಲಿದೆ. ಕಥೆ ಮುಗಿಯಿತೆಂದು ಅಲ್ಲಿಗೇ ಪುಸ್ತಕ ಮಡಚಿಡಬೇಡಿ. ವಾರದ ಹೆಸರುಗಳಿರುವ ಪುಟ ತೆಗೆದು, ನಾಲ್ಕನೆಯ ದಿನದ ಹೆಸರನ್ನು ಒಮ್ಮೆ ನಿಧಾನವಾಗಿ ಓದಿ.