ಉಲ್ಟಾ ಓಡಿದ ರೀಲು

ಜರ್ಮನ್ ನಿರ್ದೇಶಕ ವರ್ನರ್ ಹರ್ಜೋಗ್ ತಮ್ಮ ಮೊದಲ ಕಥಾಚಿತ್ರದ ರೀಲನ್ನು ಎಡಿಟರ್ ಬೆಯಾಟೆ ಮೈಂಕಾ-ಯೆಲಿಂಗ್‌ಹೌಸ್ ಅವರಿಗೆ ಕೊಟ್ಟಾಗ ನಡೆದದ್ದನ್ನು ಅವರೇ ಹೇಳಿಕೊಂಡಿದ್ದಾರೆ. ಚಿತ್ರ 1968ರದು. ರೀಲು ಉಲ್ಟಾ ಸುತ್ತಿತ್ತು. ಸರಿಯಾಗಿ ಸುತ್ತುವ ಗೋಜಿಗೇ ಹೋಗದೆ ಆಕೆ ಅದನ್ನು ಎಡಿಟಿಂಗ್ ಮೇಜಿಗೆ ಹಾಕಿ, ಕೊನೆಯಿಂದ ಮೊದಲಿಗೆ, ಐದು ಪಟ್ಟು ವೇಗದಲ್ಲಿ ಓಡಿಸಿದರು. ನೋಡಿ ಮುಗಿದದ್ದೇ ತಡ, ಇಡೀ ರೀಲನ್ನು ಕಸದ ಬುಟ್ಟಿಗೆ ಎಸೆದರು. ಇಷ್ಟು ಕೆಟ್ಟದ್ದನ್ನು ಇನ್ನು ಮುಟ್ಟುವುದಿಲ್ಲ ಎಂದುಬಿಟ್ಟರು.

ಐದು ಪಟ್ಟು ಎಂದರೆ ಸೆಕೆಂಡಿಗೆ 120 ಚಿತ್ರ. ಆ ಓಟದಲ್ಲಿ ಕಣ್ಣಿಗೆ ಏನಾದರೂ ದಕ್ಕಿದ್ದು ಹೇಗೆ?

ಉತ್ತರ ಆ ಮೇಜಿನಲ್ಲಿದೆ. ಆ ಕಾಲದ ಚಿತ್ರಮಂದಿರದ ಪ್ರೊಜೆಕ್ಟರ್ ಫಿಲ್ಮನ್ನು ಎಳೆದು ನಿಲ್ಲಿಸಿ, ಎಳೆದು ನಿಲ್ಲಿಸಿ ಸಾಗುತ್ತಿತ್ತು, ಸೆಕೆಂಡಿಗೆ 24 ಸಲ. ಅದರ ಕಟಕಟ ಸದ್ದೂ ಅಲ್ಲಿಂದಲೇ. ಆ ಎಳೆತವನ್ನು ಐದು ಪಟ್ಟು ಮಾಡಿದರೆ ಫಿಲ್ಮಿನ ಅಂಚಿನ ತೂತುಗಳು ಹರಿದುಹೋದಾವು. ಎಡಿಟಿಂಗ್ ಮೇಜಿನಲ್ಲಾದರೋ ಫಿಲ್ಮು ಎಲ್ಲೂ ನಿಲ್ಲುವುದಿಲ್ಲ. ಹ್ಯಾಂಬರ್ಗ್‌ನಲ್ಲಿ ಹುಟ್ಟಿದ ಸ್ಟೀನ್‌ಬೆಕ್ ಕಂಪನಿಯದು ಈ ಜಾತಿಯ ಮೇಜುಗಳಲ್ಲಿ ಹೆಸರುವಾಸಿ. ಅದರ ಮೇಲೆ ರೊಟ್ಟಿ ಹೆಂಚಿನಂತೆ ಅಡ್ಡಲಾಗಿ ಕೂತ ತಟ್ಟೆಗಳು: ಒಂದು ಜೋಡಿ ಚಿತ್ರಕ್ಕೆ, ಉಳಿದವು ಧ್ವನಿಯ ಪಟ್ಟಿಗೆ. ನಡುವೆ ತಿರುಗುವ ಹಲವು ಮುಖದ ಗಾಜಿನ ಪಟ್ಟಕ.

ಪುಸ್ತಕದ ಸಾಲಿನ ಮೇಲೆ ದಪ್ಪ ಗಾಜಿನ ತುಂಡೊಂದನ್ನು ಹಿಡಿದು ಮೆಲ್ಲಗೆ ಓರೆ ಮಾಡಿ ನೋಡಿ. ಅಕ್ಷರಗಳು ತುಸು ಸರಿದಂತೆ ಕಾಣುತ್ತವೆ. ಪಟ್ಟಕ ಮಾಡುವುದೂ ಇದನ್ನೇ. ಫಿಲ್ಮು ಒಂದು ಕಡೆಗೆ ಸರಿದಷ್ಟೂ ಗಾಜು ಬೆಳಕನ್ನು ಅಷ್ಟೇ ಹಿಂದಕ್ಕೆ ತಳ್ಳುತ್ತದೆ. ಓಡುತ್ತಿರುವ ಚಿತ್ರ ಪರದೆಯ ಮೇಲೆ ನಿಂತಿರುತ್ತದೆ. ಒಂದು ಚಿತ್ರದ ಅಳತೆಯಾದ 19 ಮಿಲಿಮೀಟರ್ ದಾಟಿದೊಡನೆ ಪಟ್ಟಕದ ಮುಂದಿನ ಮುಖ, ಮುಂದಿನ ಚಿತ್ರ. ಹಿಂದಕ್ಕೆ ತಿರುಗಿಸಿದರೂ ಲೆಕ್ಕ ತಪ್ಪದು. 22 ನಿಮಿಷದ 600 ಮೀಟರ್ ರೀಲು ನಾಲ್ಕೂವರೆ ನಿಮಿಷದೊಳಗೆ ಕಣ್ಣ ಮುಂದೆ ಹಾದುಹೋಗುತ್ತದೆ.

ಉಲ್ಟಾ ಓಡುವಾಗ ಕಥೆ ಕಳಚಿಬೀಳುತ್ತದೆ. ಉಳಿಯುವುದು ಬೆಳಕು, ಚಲನೆ, ದೃಶ್ಯದಿಂದ ದೃಶ್ಯಕ್ಕೆ ಹಾಯುವ ಲಯ. ಆಕೆ ನೋಡಿದ್ದು ಅದನ್ನೇ ಎಂದು ನನಗನ್ನಿಸುತ್ತದೆ. ನಿರ್ದೇಶಕ ಅಲೆಕ್ಸಾಂಡರ್ ಕ್ಲೂಗೆಯ ತುಂಡುತುಂಡಾದ, ಜಿಗಿಯುವ ಚಿತ್ರಗಳನ್ನು ಕತ್ತರಿಸಿದ ಕೈ ಅದು. ಅದೇ ಕೈ 1972ರಲ್ಲಿ ಹರ್ಜೋಗ್‌ರ ‘ಅಗಿರ್ರೆ’ಯಲ್ಲಿ, ಮಂಜು ಮುಸುಕಿದ ಆಂಡೀಸ್ ಇಳಿಜಾರಿನಲ್ಲಿ ಇರುವೆ ಸಾಲಿನಂತೆ ಇಳಿಯುವ ಜನರನ್ನು ಅವಸರವಿಲ್ಲದೆ ನೋಡಲು ಬಿಟ್ಟಿತು. ಎಲ್ಲಿ ಕತ್ತರಿ ಹಾಕಬಾರದು ಎಂದು ತಿಳಿದವರ ಕೆಲಸ ಇದು. ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ.

ಆಗ ಕತ್ತರಿ ಹಾಕುವ ಕೆಲಸವೋ ತೀರಾ ಕೈಕಸುಬಿನದಾಗಿತ್ತು. ಬೇಕಾದ ಚಿತ್ರದ ಮೇಲೆ ಮೇಣದ ಪೆನ್ಸಿಲಿನಿಂದ ಗೀಟು, ಕತ್ತರಿಸಿ ಅಂಟಿಸುವ ಸ್ಪ್ಲೈಸರ್‌ನಲ್ಲಿ ಒಂದು ಕಡಿತ, ಎರಡು ತುದಿ ಕೂಡಿಸಿ ಪಾರದರ್ಶಕ ಟೇಪು. ಮಿಕ್ಕ ತುಣುಕು ಮೊಳೆಗೆ ನೇತುಬೀಳುತ್ತಿತ್ತು. ಮತ್ತೆ ಓಡಿಸಿ ನೋಡುವುದು.

ಬುಟ್ಟಿಗೆ ಬಿದ್ದ ರೀಲನ್ನು ಕಂಡು ಹರ್ಜೋಗ್ ಕಂಗಾಲಾಗಿದ್ದರು. ಕೆಲವು ವಾರಗಳ ನಂತರ ಅದನ್ನೇ ಉಳಿದ ರೀಲುಗಳ ಜೊತೆಗಿಟ್ಟು ನೋಡಿದಾಗ ಆಕೆ ಹೇಳಿದ್ದು ಸರಿ ಎಂದು ಅವರಿಗೂ ಕಂಡಿತು. ಮುಂದೆ 1982ರ ‘ಫಿಟ್ಸ್‌ಕರಾಲ್ಡೊ’ ಸೇರಿದಂತೆ ಹಲವು ಚಿತ್ರಗಳ ರೀಲುಗಳನ್ನು ಅವರು ಆಕೆಯ ಮೇಜಿಗೇ ತಂದಿಟ್ಟರು.