ಎಸ್‌ಪಿಎಫ್ 50 ಅನ್ನೋ ಸಂಖ್ಯೆ ಎಲ್ಲಿಂದ ಬರುತ್ತೆ?

ಈಗ ಹಾಸ್ಟೆಲ್‌ನ ಯಾವ ರೂಮಿಗೆ ಹೋದ್ರೂ ಟೇಬಲ್ ಮೇಲೆ ಮೂರು ವಸ್ತು ಗ್ಯಾರಂಟಿ: ಅರ್ಧ ಖಾಲಿಯಾದ ನೀರಿನ ಬಾಟ್ಲಿ, ಯಾರದೋ ರೆಕಾರ್ಡ್ ಬುಕ್ಕು, ಒಂದು ಸನ್‌ಸ್ಕ್ರೀನ್ ಟ್ಯೂಬು. ಟ್ಯೂಬಿನ ಮೇಲೆ ದಪ್ಪ ಅಕ್ಷರದಲ್ಲಿ ಎಸ್‌ಪಿಎಫ್ 50, ಪಕ್ಕದಲ್ಲಿ ಪಿಎ ಅಂತ ಬರೆದು ನಾಲ್ಕು ಪ್ಲಸ್ ಚಿಹ್ನೆ. ಲ್ಯಾಪ್‌ಟಾಪ್ ಕೊಳ್ಳೋ ಮುಂಚೆ ಪ್ರೊಸೆಸರ್ ಯಾವುದು, ರ‍್ಯಾಮ್ ಎಷ್ಟು, ಬೆಂಚ್‌ಮಾರ್ಕ್ ಏನು ಅಂತ ಹತ್ತು ವಿಡಿಯೊ ನೋಡೋ ನಾವು, ಈ 50ಕ್ಕೆ ಯೂನಿಟ್ ಏನು, ಯಾರು ಅಳೆದರು, ಹೇಗೆ ಅಳೆದರು ಅಂತ ಕೇಳೋದೇ ಇಲ್ಲ. ಕೇಳಿದರೆ ಸ್ವಾರಸ್ಯವಾದ ಕಥೆಯೇ ಸಿಗುತ್ತದೆ.

ಮೊದಲು ಬಿಸಿಲಿನ ವಿಚಾರ. ಸೂರ್ಯನ ಬೆಳಕಿನಲ್ಲಿ ನೇರಳೆ ಬಣ್ಣಕ್ಕಿಂತ ಕಡಿಮೆ ತರಂಗಾಂತರದ ಭಾಗವೇ ಅತಿನೇರಳೆ, ಅಂದರೆ ಯುವಿ. ಇದರಲ್ಲಿ ಮೂರು ಪಾಲು. 280 ನ್ಯಾನೊಮೀಟರ್‌ಗಿಂತ ಕೆಳಗಿನ ಯುವಿ-ಸಿ ಓಝೋನ್ ಪದರದಲ್ಲೇ ಮುಗಿದುಹೋಗುತ್ತದೆ, ನಮ್ಮ ತನಕ ಬರಲ್ಲ. 280ರಿಂದ 315ರವರೆಗಿನ ಯುವಿ-ಬಿ ಚರ್ಮದ ಮೇಲ್ಪದರವನ್ನು ಸುಡುತ್ತದೆ, ಡಿಎನ್‌ಎಗೆ ನೇರವಾಗಿ ಏಟು ಕೊಡುತ್ತದೆ. 315ರಿಂದ 400ರವರೆಗಿನ ಯುವಿ-ಎ ಇನ್ನೂ ಆಳಕ್ಕೆ ಇಳಿದು ಕಪ್ಪಾಗಿಸುತ್ತದೆ, ಸುಕ್ಕು ತರಿಸುತ್ತದೆ. ಕಿಟಕಿಯ ಮಾಮೂಲಿ ಗಾಜು ಯುವಿ-ಬಿಯನ್ನು ಬಹುಪಾಲು ತಡೆದರೂ ಯುವಿ-ಎಯನ್ನು ಒಳಗೆ ಬಿಡುತ್ತದೆ. ಬಸ್ಸಿನ ಕಿಟಕಿ ಪಕ್ಕ ಕೂತರೆ ಸುಡೋದಿಲ್ಲ, ಆದರೂ ಕಪ್ಪಾಗ್ತೀವಲ್ಲ, ಅದಕ್ಕೆ ಇದೇ ಕಾರಣ.

ಎಸ್‌ಪಿಎಫ್ ಹೇಳೋದು ಮುಖ್ಯವಾಗಿ ಯುವಿ-ಬಿ ಬಗ್ಗೆ. ಯುವಿ-ಎ ಲೆಕ್ಕವನ್ನು ಹೇಳೋದು ಆ ಪ್ಲಸ್ ಚಿಹ್ನೆಗಳು. ಅದು ಜಪಾನಿನಿಂದ ಬಂದ ಪದ್ಧತಿ.

ಈಗ ಅಳತೆ. ನಂಬೋಕೆ ಕಷ್ಟ ಆಗಬಹುದು, ಎಸ್‌ಪಿಎಫ್ ಅಳೆಯೋಕೆ ಇವತ್ತಿಗೂ ಮುಖ್ಯ ಉಪಕರಣ ಮನುಷ್ಯನ ಬೆನ್ನು. ಐಎಸ್‌ಒ 24444 ಎಂಬ ಅಂತರರಾಷ್ಟ್ರೀಯ ಮಾನಕದ ಪ್ರಕಾರ ಕನಿಷ್ಠ 10 ಜನ ಬೇಕು. ಅವರ ಬೆನ್ನಿನ ಒಂದು ಭಾಗಕ್ಕೆ ಸನ್‌ಸ್ಕ್ರೀನ್ ಹಚ್ಚುತ್ತಾರೆ, ಇನ್ನೊಂದು ಭಾಗವನ್ನು ಹಾಗೇ ಬಿಡುತ್ತಾರೆ. ಎರಡಕ್ಕೂ ಸೂರ್ಯನನ್ನು ಹೋಲುವ ದೀಪದ ಬೆಳಕನ್ನು ಬೇರೆ ಬೇರೆ ಪ್ರಮಾಣದಲ್ಲಿ ಬಿಡುತ್ತಾರೆ. ಮರುದಿನ ತರಬೇತಿ ಪಡೆದವರು ಬಂದು, ಚರ್ಮ ಎಲ್ಲೆಲ್ಲಿ ಕೆಂಪಾಗಿದೆ ಅಂತ ಕಣ್ಣಲ್ಲೇ ನೋಡಿ ಬರೆದುಕೊಳ್ಳುತ್ತಾರೆ. ಸನ್‌ಸ್ಕ್ರೀನ್ ಹಚ್ಚಿದ ಜಾಗ ಕೆಂಪಾಗೋಕೆ ಬೇಕಾದ ಯುವಿ ಪ್ರಮಾಣವನ್ನು ಹಚ್ಚದ ಜಾಗಕ್ಕೆ ಬೇಕಾದ ಪ್ರಮಾಣದಿಂದ ಭಾಗಿಸಿದರೆ ಬರೋದೇ ಎಸ್‌ಪಿಎಫ್. ಯೂನಿಟ್ ಇಲ್ಲದ ಒಂದು ಅನುಪಾತ, ಅಷ್ಟೇ. ಹತ್ತು ಜನರ ಸರಾಸರಿ ತೆಗೆದು ಟ್ಯೂಬಿನ ಮೇಲೆ ಅಚ್ಚು ಹಾಕುತ್ತಾರೆ.

ಅನುಪಾತವನ್ನು ತಲೆಕೆಳಗು ಮಾಡಿದರೆ ಚರ್ಮಕ್ಕೆ ತಲುಪೋ ಪಾಲು ಸಿಗುತ್ತದೆ. ಎಸ್‌ಪಿಎಫ್ 15 ಆದರೆ ಶೇಕಡಾ 6.7, 30 ಆದರೆ 3.3, 50 ಆದರೆ 2. ‘30 ಶೇಕಡಾ 97ರಷ್ಟು ತಡೆಯುತ್ತೆ, 50 ಶೇಕಡಾ 98ರಷ್ಟು, ಒಂದೇ ಪರ್ಸೆಂಟ್ ವ್ಯತ್ಯಾಸ’ ಅಂತ ಕೆಲವರು ವಾದಿಸ್ತಾರೆ. ತಪ್ಪಲ್ಲ. ಆದರೆ ಒಳಗೆ ನುಗ್ಗೋದರ ಕಡೆಯಿಂದ ನೋಡಿದರೆ 3.3 ಎಲ್ಲಿ, 2 ಎಲ್ಲಿ? ಶೇಕಡಾ 40ರಷ್ಟು ಕಡಿಮೆ. ಒಂದೇ ಲೆಕ್ಕವನ್ನು ಎರಡು ಕಡೆಯಿಂದ ಹೇಳಿ ಎರಡು ಥರ ಮಾರಬಹುದು ಅನ್ನೋದಕ್ಕೆ ಇದು ಒಳ್ಳೆಯ ಉದಾಹರಣೆ.

ಇಷ್ಟಕ್ಕೂ ಈ ಜಗಳವೇ ಗೌಣ. ಅಸಲಿ ವಿಷಯ ಪರೀಕ್ಷೆಯ ಇನ್ನೊಂದು ಷರತ್ತಿನಲ್ಲಿದೆ. ಬೆನ್ನಿಗೆ ಹಚ್ಚೋ ಪ್ರಮಾಣ ಪ್ರತಿ ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ. ಜನ ನಿಜವಾಗಿ ಹಚ್ಚಿಕೊಳ್ಳೋದು ಎಷ್ಟು ಅಂತ ಹಲವು ದೇಶಗಳಲ್ಲಿ ಅಳೆದಿದ್ದಾರೆ. ಸಾಮಾನ್ಯವಾಗಿ ಬರೋ ಉತ್ತರ ಅರ್ಧದಿಂದ 1 ಮಿಲಿಗ್ರಾಂ. ಅಂದರೆ ಕಾಲು ಭಾಗ, ಹೆಚ್ಚೆಂದರೆ ಅರ್ಧ.

ನಮ್ಮ ಲೆಕ್ಕವನ್ನೇ ಮಾಡೋಣ. ಮುಖ, ಕಿವಿ, ಕತ್ತು ಸೇರಿ ಸುಮಾರು 600 ಚದರ ಸೆಂಟಿಮೀಟರ್ ಅಂದುಕೊಳ್ಳಿ. 2 ಮಿಲಿಗ್ರಾಂನಂತೆ ಒಂದು ಸಲಕ್ಕೆ 1.2 ಗ್ರಾಂ. 50 ಗ್ರಾಂ ಟ್ಯೂಬು ದಿನಕ್ಕೆ ಒಂದೇ ಸಲ ಹಚ್ಚಿದರೂ 41 ದಿನಕ್ಕೆ ಮುಗಿಯಬೇಕು. ನಿಮ್ಮ ಟ್ಯೂಬು ಒಂದು ಇಡೀ ಸೆಮಿಸ್ಟರ್ ಬರುತ್ತಾ? 16 ವಾರ ಅಂದರೆ 112 ದಿನ, ದಿನಕ್ಕೆ 0.45 ಗ್ರಾಂ, ಚದರ ಸೆಂಟಿಮೀಟರಿಗೆ ಹತ್ತಿರಹತ್ತಿರ 0.75 ಮಿಲಿಗ್ರಾಂ. ಕೆಮಿಸ್ಟ್ರಿ ಲ್ಯಾಬಿನಲ್ಲಿ ವೈವಾಕ್ಕೆ ಉರು ಹೊಡೆದ ಬಿಯರ್–ಲ್ಯಾಂಬರ್ಟ್ ನಿಯಮ ನೆನಪಿದೆಯಾ? ಪದರದ ದಪ್ಪ ಕಡಿಮೆಯಾದರೆ ದಾಟೋ ಬೆಳಕು ನೇರ ಅನುಪಾತದಲ್ಲಲ್ಲ, ಘಾತೀಯವಾಗಿ ಹೆಚ್ಚುತ್ತದೆ. ಅದನ್ನು ಕಟ್ಟುನಿಟ್ಟಾಗಿ ಹಾಕಿದರೆ ನಿಮ್ಮ 50 ಇಳಿದು ಬರೀ 4 ಚಿಲ್ಲರೆ ಆಗುತ್ತದೆ. ಚರ್ಮ ಗಾಜಿನ ಕ್ಯುವೆಟ್ ಅಲ್ಲ, ಅದರಲ್ಲಿ ಹಳ್ಳ-ದಿಣ್ಣೆ ಇರುತ್ತದೆ, ಪದರವೂ ಒಂದೇ ಸಮ ಕೂರಲ್ಲ. ಹಾಗಾಗಿ ಪ್ರಯೋಗಗಳಲ್ಲಿ ಇಳಿಕೆ ಇಷ್ಟು ಭೀಕರವಾಗಿ ಕಾಣೋದಿಲ್ಲ. ನೇರ ಅನುಪಾತ ಅಂತಲೇ ಉದಾರವಾಗಿ ಹಿಡಿದರೂ ಸಿಗೋದು 18ರ ಸುಮಾರು. ದುಡ್ಡು ಕೊಟ್ಟಿದ್ದು ಮಾತ್ರ 50ಕ್ಕೆ!

ದುಡ್ಡಿನ ಮಾತೂ ಬಂತು. ಟ್ಯೂಬಿಗೆ 400 ರೂಪಾಯಿ ಅಂದರೆ ಗ್ರಾಮಿಗೆ 8 ರೂಪಾಯಿ. ಸರಿಯಾಗಿ ಹಚ್ಚಿದರೆ ದಿನಕ್ಕೆ ಹತ್ತು ರೂಪಾಯಿ ಹತ್ತಿರ, ಎರಡು ಸಲ ಆದರೆ ಇಪ್ಪತ್ತು. ತಿಂಗಳ ಪಾಕೆಟ್ ಮನಿಯಲ್ಲಿ ಇದು ಭಾರವೇ. ಅದಕ್ಕೇ ನಾವು ಕಡಲೆಕಾಳಿನಷ್ಟು ತೆಗೆದು ಮುಖಕ್ಕೆಲ್ಲ ಎಳೀತೀವಿ. ನನ್ನ ಅಭಿಪ್ರಾಯ ಕೇಳಿದರೆ, ಕಡಿಮೆ ಬೆಲೆಯ ಎಸ್‌ಪಿಎಫ್ 30 ಟ್ಯೂಬನ್ನು ಧಾರಾಳವಾಗಿ ಬಳಸೋದು ದುಬಾರಿ 50ನ್ನು ಜಿಪುಣತನದಿಂದ ಬಳಸೋದಕ್ಕಿಂತ ಎಷ್ಟೋ ಮೇಲು.

ಹಾಗಾದರೆ ಟ್ಯೂಬಿನ ಮೇಲಿನ 50 ಸರಿಯಾಗಿ ಹಚ್ಚಿದಾಗಲಾದರೂ ನಿಜವಾ? ಇಲ್ಲಿ ಮಾರುಕಟ್ಟೆಯ ಕಥೆ ಶುರು. ಆಸ್ಟ್ರೇಲಿಯಾದಲ್ಲಿ ಚರ್ಮದ ಕ್ಯಾನ್ಸರ್ ಜಗತ್ತಿನಲ್ಲೇ ಅತಿ ಹೆಚ್ಚು. ಅಲ್ಲಿ ಈ ಥರದ ಸನ್‌ಸ್ಕ್ರೀನ್‌ಗಳನ್ನು ಔಷಧಿಗಳ ನಿಯಂತ್ರಣ ಸಂಸ್ಥೆಯೇ ನೋಡಿಕೊಳ್ಳುತ್ತದೆ. ಅಂಥ ದೇಶದಲ್ಲಿ ಚಾಯ್ಸ್ ಎಂಬ ಗ್ರಾಹಕ ಸಂಸ್ಥೆ 20 ಸನ್‌ಸ್ಕ್ರೀನ್‌ಗಳನ್ನು ಪರೀಕ್ಷೆ ಮಾಡಿಸಿ 2025ರ ಜೂನ್‌ನಲ್ಲಿ ಫಲಿತಾಂಶ ಪ್ರಕಟಿಸಿತು. 16 ಉತ್ಪನ್ನಗಳು ತಾವು ಹೇಳಿಕೊಂಡ ಸಂಖ್ಯೆಯನ್ನು ಮುಟ್ಟಲಿಲ್ಲ. ಅಲ್ಟ್ರಾ ವಯಲೆಟ್ ಎಂಬ ಕಂಪನಿಯ ಲೀನ್ ಸ್ಕ್ರೀನ್ 50ಕ್ಕಿಂತ ಹೆಚ್ಚು ಅಂತ ಹೇಳಿಕೊಂಡಿತ್ತು, ಬಂದಿದ್ದು 4. ಕಂಪನಿ ಮೊದಲು ಒಪ್ಪಲಿಲ್ಲ. ಆಮೇಲೆ ಬೇರೆ ಬೇರೆ ಕಡೆ ಮಾಡಿಸಿದ್ದೂ ಸೇರಿ ಒಟ್ಟು ಎಂಟು ಪರೀಕ್ಷೆಗಳ ಫಲಿತಾಂಶ 4ರಿಂದ 64ರವರೆಗೆ ಹರಡಿಕೊಂಡಿದ್ದು ನೋಡಿ, ಆಗಸ್ಟ್‌ನಲ್ಲಿ ಆ ಉತ್ಪನ್ನವನ್ನೇ ಮಾರುಕಟ್ಟೆಯಿಂದ ವಾಪಸ್ ತೆಗೆದುಕೊಂಡಿತು. ಒಂದೇ ವಸ್ತುವಿಗೆ 4ರಿಂದ 64! ನಮ್ಮ ಲ್ಯಾಬ್ ರೀಡಿಂಗ್ ಹೀಗೆ ಬಂದಿದ್ದರೆ ಮೇಡಂ ರೆಕಾರ್ಡಿಗೆ ಸಹಿ ಹಾಕ್ತಿದ್ರಾ?

ಅದೇ ವರ್ಷದ ಏಪ್ರಿಲ್‌ನಲ್ಲಿ ನಮ್ಮಲ್ಲೂ ಒಂದು ಕಾಳಗ ನಡೆಯಿತು. ಆನ್‌ಲೈನ್‌ನಲ್ಲಿ ಚೆನ್ನಾಗಿ ಮಾರಾಟವಾಗೋ ಸನ್‌ಸ್ಕ್ರೀನ್ 50 ಅಂತ ಹೇಳಿಕೊಂಡರೂ ಪರೀಕ್ಷೆಯಲ್ಲಿ 20 ಬಂದಿದೆ ಎಂಬ ಅರ್ಥದ ಜಾಹೀರಾತನ್ನು ಹಿಂದೂಸ್ತಾನ್ ಯೂನಿಲೀವರ್ ತನ್ನ ಲ್ಯಾಕ್ಮೆ ಬ್ರ್ಯಾಂಡಿಗೆ ಹಾಕಿತು. ಅದು ತಮ್ಮ ಡರ್ಮಾ ಕೋ ಉತ್ಪನ್ನದ ಮೇಲಿನ ದಾಳಿ ಅಂತ ಹೊನಾಸಾ ಕಂಪನಿ ದೆಹಲಿ ಹೈಕೋರ್ಟಿಗೆ ಹೋಯಿತು, ಯೂನಿಲೀವರ್ ಬಾಂಬೆ ಹೈಕೋರ್ಟಿಗೆ ಹೋಯಿತು. ಕೊನೆಗೆ ಯೂನಿಲೀವರ್ ಜಾಹೀರಾತು ಬದಲಿಸೋಕೆ ಒಪ್ಪಿತು. ಯಾರು ಸರಿ, ಯಾರು ತಪ್ಪು ಅನ್ನೋದಕ್ಕಿಂತ ನನಗೆ ಮುಖ್ಯ ಅನಿಸಿದ್ದು ಬೇರೆ. ಟ್ಯೂಬಿನ ಮೇಲಿನ ಸಂಖ್ಯೆ ಮನುಷ್ಯರ ಮೇಲೆ ಅಳೆದದ್ದೋ ಅಥವಾ ಬರೀ ಲ್ಯಾಬಿನ ಫಲಕದ ಮೇಲೆ ಅಳೆದದ್ದೋ ಎಂಬ ಪ್ರಶ್ನೆ ಮೊದಲ ಬಾರಿಗೆ ಜನಸಾಮಾನ್ಯರ ಬಾಯಿಗೆ ಬಂತು. ನಮ್ಮ ಕಾನೂನಿನಲ್ಲಿ ಸನ್‌ಸ್ಕ್ರೀನ್ ಕಾಸ್ಮೆಟಿಕ್. ಅಮೆರಿಕದಲ್ಲಿ ಅದು ಔಷಧಿ. ಕೊಳ್ಳುವ ಮುಂಚೆ ಕಂಪನಿಯ ವೆಬ್‌ಸೈಟಿನಲ್ಲಿ ‘ಇನ್-ವಿವೋ’ ಪರೀಕ್ಷೆಯ ವಿವರ ಇದೆಯಾ ಅಂತ ನೋಡಿ. ಇಲ್ಲದಿದ್ದರೆ ಒಂದು ಇಮೇಲ್ ಹಾಕಿ ಕೇಳಿ, ತಪ್ಪೇನಿಲ್ಲ.

ಇನ್ನು ‘ಮಿನರಲ್ ಸನ್‌ಸ್ಕ್ರೀನ್ ಬೆಳಕನ್ನು ಕನ್ನಡಿಯಂತೆ ಪ್ರತಿಫಲಿಸುತ್ತೆ, ಕೆಮಿಕಲ್ ಆದರೆ ಹೀರಿಕೊಳ್ಳುತ್ತೆ’ ಅನ್ನೋ ರೀಲ್ಸ್ ಪಾಠ. ಮೊದಲ ವರ್ಷದ ಫಿಸಿಕ್ಸ್ ಇದಕ್ಕೆ ಉತ್ತರ ಕೊಡುತ್ತದೆ. ಝಿಂಕ್ ಆಕ್ಸೈಡ್ ಒಂದು ಸೆಮಿಕಂಡಕ್ಟರ್, ಬ್ಯಾಂಡ್ ಗ್ಯಾಪ್ ಸುಮಾರು 3.3 ಎಲೆಕ್ಟ್ರಾನ್ ವೋಲ್ಟ್. 1240ನ್ನು 3.3ರಿಂದ ಭಾಗಿಸಿ: 376 ನ್ಯಾನೊಮೀಟರ್. ಅದಕ್ಕಿಂತ ಕಡಿಮೆ ತರಂಗಾಂತರದ ಫೋಟಾನ್ ಬಂದರೆ ಎಲೆಕ್ಟ್ರಾನ್ ಮೇಲಿನ ಬ್ಯಾಂಡಿಗೆ ಹಾರುತ್ತದೆ, ಅಂದರೆ ಬೆಳಕು ಹೀರಲ್ಪಡುತ್ತದೆ. ಮಿನರಲ್ ಕೂಡ ಯುವಿಯನ್ನು ಬಹುಪಾಲು ಹೀರಿಕೊಂಡೇ ತಡೆಯೋದು. ಚದುರಿಸಿ ವಾಪಸ್ ಕಳಿಸೋದು ಚೂರುಪಾರು. ಅದು ಚೆನ್ನಾಗಿ ಚದುರಿಸೋದು ಕಣ್ಣಿಗೆ ಕಾಣೋ ಬೆಳಕನ್ನು, ಅದಕ್ಕೇ ಮುಖ ಸುಣ್ಣ ಬಳಿದ ಹಾಗೆ ಕಾಣುತ್ತೆ. ಟೈಟಾನಿಯಂ ಡೈಆಕ್ಸೈಡಂತೂ ಗೋಡೆಯ ಬಿಳಿ ಪೇಂಟಿಗೆ ಹಾಕೋ ವಸ್ತುವೇ. ಕಣವನ್ನು ನ್ಯಾನೊ ಗಾತ್ರಕ್ಕೆ ಇಳಿಸಿದರೆ ಈ ಬಿಳಿ ಕಡಿಮೆಯಾಗುತ್ತದೆ.

ಬಿಸಿಲಿನ ಬಿಸಿ ಬೇರೆ, ಯುವಿ ಬೇರೆ ಅನ್ನೋದನ್ನೂ ಇಲ್ಲೇ ಹೇಳಿಬಿಡ್ತೀನಿ. ಕಲಬುರಗಿಯ 42 ಡಿಗ್ರಿಗೆ ಹೆದರುವವರು ಬೆಂಗಳೂರಿನ ತಂಪು ಗಾಳಿಯಲ್ಲಿ ಆರಾಮಾಗಿ ಓಡಾಡ್ತಾರೆ. ಆದರೆ ಸಮುದ್ರಮಟ್ಟದಿಂದ ಮೇಲೆ ಹೋದಂತೆ, ಪ್ರತಿ 1000 ಮೀಟರಿಗೆ ಯುವಿ ಶೇಕಡಾ 10ರಷ್ಟು ಹೆಚ್ಚುತ್ತದೆ. ಬೆಂಗಳೂರು ಇರೋದು 900 ಮೀಟರ್ ಮೇಲೆ. 1930 ಮೀಟರ್ ಎತ್ತರದ ಮುಳ್ಳಯ್ಯನಗಿರಿಗೆ ಟ್ರೆಕ್ಕಿಂಗ್ ಹೋದವರು ಚಳಿಯಲ್ಲಿ ನಡುಗುತ್ತಲೇ ಕಪ್ಪಾಗಿ ಬರೋದು ಸುಮ್ಮನೆ ಅಲ್ಲ. ಏಪ್ರಿಲ್ 24ರ ಆಸುಪಾಸು ಮಧ್ಯಾಹ್ನ ಬೆಂಗಳೂರಿನಲ್ಲಿ ನೆಟ್ಟಗೆ ನಿಂತ ಕಂಬಕ್ಕೆ ನೆರಳೇ ಬೀಳೋದಿಲ್ಲ, ಸೂರ್ಯ ನೆತ್ತಿಯ ಮೇಲೇ ಇರುತ್ತಾನೆ. ಆ ದಿನಗಳಲ್ಲಿ ಕಿರಣ ವಾತಾವರಣದ ಅತಿ ಚಿಕ್ಕ ದಾರಿ ಹಿಡಿದು ಬರುವುದರಿಂದ ಯುವಿಯೂ ಜೋರು. ಆ್ಯಪ್ ಬೇಡ, ನೆರಳು ನೋಡಿದರೆ ಸಾಕು: ನಿಮ್ಮ ನೆರಳು ನಿಮಗಿಂತ ಗಿಡ್ಡ ಇದ್ದರೆ ಯುವಿ ಜಾಸ್ತಿ ಇದೆ ಅಂತ ಅರ್ಥ. ತೆಳು ಮೋಡವನ್ನು ನಂಬಬೇಡಿ, ಅದು ಹೆಚ್ಚೇನೂ ತಡೆಯಲ್ಲ.

ಈಗ ಸ್ವಲ್ಪ ಕಿರಿಕಿರಿಯ ವಿಷಯ. ನಮಗೆ ಇದೆಲ್ಲ ಎಷ್ಟು ಬೇಕು? ಆಸ್ಟ್ರೇಲಿಯಾದ ನ್ಯಾಂಬೂರ್ ಎಂಬ ಊರಿನಲ್ಲಿ 1992ರಿಂದ 1996ರವರೆಗೆ 1621 ಜನರ ಮೇಲೆ ನಡೆದ ಪ್ರಯೋಗದಲ್ಲಿ, ದಿನಾ ಸನ್‌ಸ್ಕ್ರೀನ್ ಹಚ್ಚಿದ ಗುಂಪಿಗೆ ಒಂದು ಬಗೆಯ ಚರ್ಮದ ಕ್ಯಾನ್ಸರ್ ಕಡಿಮೆ ಬಂತು, ಚರ್ಮ ಮುದಿಯಾಗೋದೂ ನಿಧಾನವಾಯಿತು. ಗಟ್ಟಿ ಸಾಕ್ಷ್ಯ. ಆದರೆ ಅವರು ಹೆಚ್ಚಾಗಿ ಬಿಳಿ ಚರ್ಮದವರು. ನಮ್ಮ ಚರ್ಮದ ಮೆಲನಿನ್ ತಾನೇ ಒಂದು ಮಟ್ಟದ ರಕ್ಷಣೆ ಕೊಡುತ್ತದೆ, ಚರ್ಮದ ಕ್ಯಾನ್ಸರ್ ಭಾರತದಲ್ಲಿ ಅಪರೂಪ. ನಮಗೆ ಸನ್‌ಸ್ಕ್ರೀನ್ ನಿಜವಾಗಿ ಉಪಯೋಗಕ್ಕೆ ಬರೋದು ಬಂಗು, ಮೊಡವೆ ಹೋದಮೇಲೆ ಉಳಿಯೋ ಕಪ್ಪು ಕಲೆ, ಬಿಸಿಲಿನ ಅಲರ್ಜಿ ಇವುಗಳಿಗೆ. ಬಂಗು ಇರುವವರಿಗೆ ಕಣ್ಣಿಗೆ ಕಾಣೋ ಬೆಳಕೂ ತೊಂದರೆ ಕೊಡುತ್ತೆ. ಅವರಿಗೆ ಐರನ್ ಆಕ್ಸೈಡ್ ಹಾಕಿದ, ಚರ್ಮದ ಬಣ್ಣದ ಟಿಂಟೆಡ್ ಸನ್‌ಸ್ಕ್ರೀನ್ ಹೆಚ್ಚು ಒಳ್ಳೆಯದು.

ಆದರೆ ಜಾಹೀರಾತು ಮಾರೋದು ಇದನ್ನಲ್ಲ. ‘ಬಿಸಿಲಲ್ಲಿ ತಿರುಗಬೇಡ, ಕಪ್ಪಾಗ್ತೀಯ’ ಅಂತ ಮನೆಯಲ್ಲಿ ಕೇಳಿಸಿಕೊಂಡು ಬೆಳೆದವರು ನಾವು. ಫೇರ್ ಅಂಡ್ ಲವ್ಲಿ 2020ರಲ್ಲಿ ಹೆಸರು ಬದಲಿಸಿಕೊಂಡಿತು. ಆಸೆ ಬದಲಾಗಲಿಲ್ಲ, ‘ಬ್ರೈಟನಿಂಗ್’, ‘ಗ್ಲೋ’, ‘ಡಿ-ಟ್ಯಾನ್’ ಅಂತ ಸನ್‌ಸ್ಕ್ರೀನ್ ಟ್ಯೂಬಿಗೆ ಬಂದು ಕೂತಿತು. ಸನ್‌ಸ್ಕ್ರೀನ್ ಹುಟ್ಟಿದ ಬಣ್ಣವನ್ನು ಬದಲಿಸೋದಿಲ್ಲ. ಅದು ಬದಲಿಸಲಿಲ್ಲ ಅಂತ ಬೇಸರವಾಗಿ ಮೆಡಿಕಲ್ ಶಾಪಿನಿಂದ ಚೀಟಿ ಇಲ್ಲದೆ ಸ್ಟೆರಾಯ್ಡ್ ಬೆರೆತ ಕ್ರೀಮು ತಂದು ಹಚ್ಚೋರಿದ್ದಾರೆ, ಅಪಾಯ ಇರೋದು ಅಲ್ಲಿ. ಮೊದಲ ಒಂದೆರಡು ವಾರ ಮುಖ ಹೊಳೆಯುತ್ತದೆ. ಆಮೇಲೆ ಚರ್ಮ ತೆಳುವಾಗುತ್ತದೆ, ರಕ್ತನಾಳ ಕಾಣುತ್ತವೆ, ಬಿಸಿಲಿಗೆ ಹೋದರೆ ಉರಿ, ಬಿಟ್ಟರೆ ಇನ್ನೂ ಉರಿ. ಟ್ಯೂಬಿನ ಮೇಲೆ ಬೀಟಾಮೆಥಾಸೋನ್, ಕ್ಲೋಬೆಟಾಸಾಲ್, ಮೊಮೆಟಾಸೋನ್ ಅಂತ ಹೆಸರಿದ್ದರೆ ಅದು ಸ್ಟೆರಾಯ್ಡ್. ಚರ್ಮರೋಗ ವೈದ್ಯರು ಬರೆದುಕೊಡದೆ ಮುಖಕ್ಕೆ ಮುಟ್ಟಿಸಬೇಡಿ. ಈಗಾಗಲೇ ಬಳಸುತ್ತಿದ್ದರೆ ನಿಲ್ಲಿಸೋ ಕ್ರಮವನ್ನೂ ಅವರ ಹತ್ತಿರವೇ ಕೇಳಿ. ಮೊಡವೆಗೆ ಡಾಕ್ಸಿಸೈಕ್ಲಿನ್ ಮಾತ್ರೆ ತಗೊಳ್ಳೋರಿಗೆ ಬಿಸಿಲು ಬೇಗ ಸುಡುತ್ತದೆ, ಅವರಿಗಂತೂ ಸನ್‌ಸ್ಕ್ರೀನ್ ಫ್ಯಾಷನ್ ಅಲ್ಲ.

ಸನ್‌ಸ್ಕ್ರೀನೇ ವಿಷ ಅನ್ನೋ ಪ್ರಚಾರವೂ ಇದೆ. ಅಮೆರಿಕದ ಎಫ್‌ಡಿಎ 2019 ಮತ್ತು 2020ರಲ್ಲಿ ಪ್ರಕಟಿಸಿದ ಅಧ್ಯಯನಗಳಲ್ಲಿ ಆಕ್ಸಿಬೆಂಝೋನ್‌ನಂಥ ಕೆಲವು ಫಿಲ್ಟರುಗಳು ರಕ್ತಕ್ಕೆ ಸೇರೋದು ಕಂಡಿತು. ರಕ್ತದಲ್ಲಿ ಸಿಕ್ಕಿತು ಅಂದರೆ ಹಾನಿ ಆಯಿತು ಅಂತಲ್ಲ, ಇನ್ನಷ್ಟು ಮಾಹಿತಿ ಬೇಕು ಅಂತ. ಬಳಕೆ ನಿಲ್ಲಿಸಬೇಡಿ ಅಂತ ಅದೇ ಸಂಸ್ಥೆ ಹೇಳಿತು. ಅನುಮಾನ ಇದ್ದರೆ ಝಿಂಕ್ ಆಕ್ಸೈಡ್ ಇರೋದನ್ನು ತಗೊಳ್ಳಿ. ಹವಾಯಿ ರಾಜ್ಯ 2021ರಿಂದ ಆಕ್ಸಿಬೆಂಝೋನ್ ಮತ್ತು ಆಕ್ಟಿನಾಕ್ಸೇಟ್ ಇರೋ ಸನ್‌ಸ್ಕ್ರೀನ್ ಮಾರಾಟ ನಿಲ್ಲಿಸಿದ್ದು ಹವಳದ ದಿಬ್ಬಗಳ ಕಾಳಜಿಯಿಂದ.

ಮೊಬೈಲಿನ ನೀಲಿ ಬೆಳಕಿಗೆ ಅಂತ ರಾತ್ರಿ ರೂಮಲ್ಲಿ ಸನ್‌ಸ್ಕ್ರೀನ್ ಹಚ್ಚೋದು ದುಡ್ಡು ದಂಡ. ಸೂರ್ಯನ ಮುಂದೆ ಸ್ಕ್ರೀನಿನ ಬೆಳಕು ಲೆಕ್ಕಕ್ಕೇ ಇಲ್ಲ. ಸಿವಿಲ್‌ನವರು ಸರ್ವೆ ಕ್ಯಾಂಪಿಗೆ ಹೋಗುವಾಗ ಮಾತ್ರ ಲೆಕ್ಕ ಬೇರೆ: ಟೋಟಲ್ ಸ್ಟೇಷನ್ ಹಿಂದೆ ನಾಲ್ಕೈದು ತಾಸು ನಿಲ್ಲೋರಿಗೆ ಮೊದಲು ತುಂಬು ತೋಳಿನ ಅಂಗಿ, ಅಗಲ ಅಂಚಿನ ಟೋಪಿ, ಬಟ್ಟೆ ಬೆವರಿಗೆ ತೊಳೆದುಹೋಗಲ್ಲ, ಎರಡು ತಾಸಿಗೊಮ್ಮೆ ಮತ್ತೆ ಹಚ್ಚಬೇಕಾಗಿಲ್ಲ. ಉಳಿದ ಜಾಗಕ್ಕೆ, ಅಂದರೆ ಮುಖ, ಕಿವಿ, ಹಿಂಗತ್ತು, ಅಂಗೈ ಹಿಂಭಾಗಕ್ಕೆ ಸನ್‌ಸ್ಕ್ರೀನ್. ಮುಖ-ಕತ್ತಿಗೆ ಎರಡು ಬೆರಳಿನ ಉದ್ದಕ್ಕೂ ಪೂರ್ತಿ ಎಳೆದಷ್ಟು, ಹೊರಡೋ 15 ನಿಮಿಷ ಮುಂಚೆ. ಮತ್ತೆ ಆ ಟ್ಯೂಬನ್ನು ಬೈಕಿನ ಡಿಕ್ಕಿಯಲ್ಲಿ ಇಡಬೇಡಿ. ಮಧ್ಯಾಹ್ನದ ಬಿಸಿಗೆ ಅದರ ಎಣ್ಣೆ-ನೀರು ಒಡೆದು ಬೇರೆಯಾಗುತ್ತದೆ. ಹಿಂಡಿದಾಗ ಮೊದಲು ಬರೀ ನೀರು ಬಂದರೆ ಅದರ ಮೇಲಿನ 50ಕ್ಕೆ ಅರ್ಥವೇ ಇಲ್ಲ, ಬಿಸಾಕಿ.